ಸಾಕ್ಷಿ ಹೇಳಲು ಬರಬೇಕೆಂದು ಲಾವಕ್ಕಿಗೊಂದು ಬಿನ್ನಹ

ಮಾನ್ಯ ಮನೋಂಗ್ ಪೂಗೋ ಅವರ ಸನ್ನಿಧಾನಕ್ಕೆ,

ಇಲೋಯಿಲೋ ನಗರದ ಸಮಸ್ತ ಮಕ್ಕಳಿಗೆ ಮನೋಂಗ್, ಅಂದರೆ ಹಿರಿಯಣ್ಣನಾಗಿ, ಪುಗೋರಿಯಾ ಕಂಪನಿಯ ಹದಿನೇಳು ತಿಂಡಿ ಅಂಗಡಿಗಳ ಬಾಗಿಲಲ್ಲಿ ಏಕಕಾಲಕ್ಕೆ ನಿಂತು, ಬಂದವರನ್ನೂ ಹೋದವರನ್ನೂ ಭೇದವಿಲ್ಲದೆ ಅಪ್ಪಿಕೊಂಡು, ಆರಡಿ ಎತ್ತರದ, ಕುಂಬಳಕಾಯಿ ಹೊಟ್ಟೆಯ ಲಾವಕ್ಕಿಯೆಂದು ದ್ವೀಪದ ಉದ್ದಗಲಕ್ಕೂ ಕೀರ್ತಿ ಪಡೆದಿರುವ ತಮಗೆ, ಜಾರೋ ಪೇಟೆಯ ಹೆರ್ಮಿನಿಯಾ ಸುಮಗಾಯ್ಸಾಯ್ ಎಂಬ ನಲವತ್ತಮೂರು ವರ್ಷದ ಹೆಂಗಸು ತಲೆಬಾಗಿ, ಎರಡೂ ಕೈಗಳನ್ನು ರೆಕ್ಕೆಯಂತೆ ಹರಡಿ, ಕಂಪನಿಯ ನಿಯಮದಂತೆ ಮೂರು ಸಲ ಸೊಂಟ ಕುಣಿಸಿ ಮಾಡುವ ವಂದನೆಗಳು.

ತಾವು ಕ್ಷೇಮವಾಗಿರುವಿರೆಂಬುದರಲ್ಲಿ ನನಗೆ ಅನುಮಾನವಿಲ್ಲ. ತಮ್ಮ ಮೈಯೆಲ್ಲ ಸ್ಪಂಜು, ತಲೆಯೆಲ್ಲ ಫೈಬರ್, ಹೃದಯವಿರಬೇಕಾದ ಕಡೆ ಅಂಗೈ ಅಗಲದ ಒಂದು ಬ್ಯಾಟರಿ ಫ್ಯಾನು. ಇಂಥ ದೇಹಕ್ಕೆ ರೋಗ ಬರುವುದಾದರೂ ಎಲ್ಲಿಂದ? ಆ ಫ್ಯಾನು ಮಾತ್ರ ಕಳೆದ ಮೂರು ವರ್ಷಗಳಿಂದ ತಿರುಗುತ್ತಿಲ್ಲವೆಂಬುದು ತಮ್ಮ ಗಮನಕ್ಕೆ ಬಂದಿರಲಾರದು, ಏಕೆಂದರೆ ಅದು ತಿರುಗದಿದ್ದಾಗ ಬೇಯುವವರು ತಾವಲ್ಲ. ತಮಗೆ ನನ್ನ ಮುಖಪರಿಚಯವೂ ಇರಲಾರದು. ಅದು ತಮ್ಮ ತಪ್ಪೆಂದು ನಾನು ಹೇಳುವುದಿಲ್ಲ. ತಮ್ಮ ಕಣ್ಣುಗಳನ್ನು ಹೊರಗೆ ನೋಡುವಂತೆ ಮಾತ್ರ ಅಂಟಿಸಿದ್ದಾರೆ. ನಾನು ಲೋಕವನ್ನು ನೋಡುತ್ತಿದ್ದುದು ತಮ್ಮ ಕೊಕ್ಕಿನ ಸೀಳಿನಿಂದ. ಹನ್ನೊಂದು ವರ್ಷ, ಜಾರೋ ಶಾಖೆಯಲ್ಲಿ, ತಾವೆಂದು ತಿಳಿದು ಜನ ಅಪ್ಪಿಕೊಂಡದ್ದೂ, ಮಕ್ಕಳು ಬಾಲ ಎಳೆದದ್ದೂ, ಹುಟ್ಟುಹಬ್ಬಕ್ಕೆ ಬಂದ ಒಬ್ಬ ಕುಡುಕ ಮಾವ ಹೊಟ್ಟೆಗೆ ಗುದ್ದಿ ನೋಡಿದ್ದೂ ನನ್ನನ್ನೇ.

ಪತ್ರ ಮುಂದುವರಿಸುವ ಮೊದಲು ಒಂದು ವಿಜ್ಞಾಪನೆ. ನಮ್ಮ ಇಲೋಯಿಲೋದವರು ಬೈಯುವುದು ಹೊರಗಿನವರ ಕಿವಿಗೆ ಜೋಗುಳದಂತೆ ಕೇಳಿಸುತ್ತದೆ ಎಂಬುದು ತಮಗೂ ತಿಳಿದ ವಿಷಯ. ನನ್ನ ಅತ್ತೆ ನನ್ನನ್ನು ಮನೆಯಿಂದ ಹೊರಗೆ ಹಾಕುವಾಗ ಪಕ್ಕದ ಮನೆಯವರು, ಇವಳನ್ನು ಎಷ್ಟು ಪ್ರೀತಿಯಿಂದ ಬೀಳ್ಕೊಡುತ್ತಿದ್ದಾಳಪ್ಪ ಎಂದುಕೊಂಡರಂತೆ. ಆದ್ದರಿಂದ ಈ ಪತ್ರದಲ್ಲಿ ಎಲ್ಲಿಯಾದರೂ ಸಿಹಿ ಹೆಚ್ಚಾಗಿ ಕಂಡರೆ ಅದನ್ನು ಸಂತೋಷವೆಂದು ತಪ್ಪು ತಿಳಿಯಬಾರದಾಗಿ ಕೋರುತ್ತೇನೆ.

ಈಗ ವಿಷಯ. ಬರುವ ಮಾರ್ಚ್ ಹದಿನಾಲ್ಕರಂದು ಬೆಳಿಗ್ಗೆ ಒಂಬತ್ತು ಗಂಟೆಗೆ ನಗರದ ಕಾರ್ಮಿಕ ಕಚೇರಿಯ ಎರಡನೆಯ ಮಹಡಿಯಲ್ಲಿ ನನ್ನ ಅರ್ಜಿಯ ವಿಚಾರಣೆಯಿದೆ. ನಾನು ಪುಗೋರಿಯಾ ಕಂಪನಿಯ ಕಾಯಂ ನೌಕರಳೋ, ಅಥವಾ ನಡುವೆ ನಡುವೆ ಬಂದುಹೋಗುವ ಗಾಳಿಯೋ ಎಂಬುದು ಅಂದು ತೀರ್ಮಾನವಾಗಲಿದೆ. ಅದಕ್ಕೆ ಒಬ್ಬ ಸಾಕ್ಷಿ ಬೇಕು. ಕಂಪನಿಯ ದಾಖಲೆಗಳ ಪ್ರಕಾರ, ನಾನು ದುಡಿದೆನೆಂದು ಹೇಳುವ ದಿನಗಳಲ್ಲಿ ಆ ಜಾಗದಲ್ಲಿ ಹಾಜರಿದ್ದವರು ತಾವೊಬ್ಬರೇ. ಹೀಗಾಗಿ ತಾವು ದಯಮಾಡಿಸಿ ಸಾಕ್ಷಿ ನುಡಿಯಬೇಕೆಂಬುದೇ ಈ ಬಿನ್ನಹದ ಸಾರ. ಉಳಿದದ್ದೆಲ್ಲ ತಮ್ಮ ಗುಣಗಾನ.

ಗುಣಗಾನವನ್ನು ಮೂಲದಿಂದ ಆರಂಭಿಸುವುದು ಶಿಷ್ಟಾಚಾರ. ತಮ್ಮ ಕಂಪನಿ ಹುಟ್ಟಿದ್ದು ಜಾರೋ ಇಗರ್ಜಿಯ ಎದುರು, ಒಂದು ತಳ್ಳುಗಾಡಿಯಲ್ಲಿ. ನಮ್ಮ ಅಧ್ಯಕ್ಷರಾದ ದೋನ್ ಎವಾರಿಸ್ಟೋ ಆಗಿನ್ನೂ ದೋನ್ ಆಗಿರಲಿಲ್ಲ. ಲಾವಕ್ಕಿಯ ಪುಟ್ಟ ಮೊಟ್ಟೆ ಬೇಯಿಸಿ, ಕಿತ್ತಳೆ ಬಣ್ಣದ ಹಿಟ್ಟಿನಲ್ಲಿ ಅದ್ದಿ, ಕಾದ ಎಣ್ಣೆಗೆ ಬಿಟ್ಟು, ಕಡ್ಡಿಗೆ ಚುಚ್ಚಿ, ಮೆಣಸಿನಕಾಯಿ ನೆನೆಸಿದ ವಿನೆಗರಿನ ಬಟ್ಟಲನ್ನು ಮುಂದೆ ತಳ್ಳಿ, “ತಿನ್ನು ಇಂದಾಯ್, ಬಿಸಿಯಿದೆ, ನಾಲಿಗೆ ಹುಷಾರು” ಎನ್ನುತ್ತಿದ್ದರು. ಶಾಲೆಗೆ ಹೋಗುವ ಹುಡುಗಿಯರೆಲ್ಲ ಅವರಿಗೆ ಇಂದಾಯ್‌ಗಳೇ, ಆದರೂ ಪ್ರತಿಯೊಬ್ಬರ ಹೆಸರೂ ಗೊತ್ತಿತ್ತು. ಆ ಗಾಡಿ ಅಂಗಡಿಯಾಯಿತು, ಅಂಗಡಿ ಹದಿನೇಳಾಯಿತು, ಹದಿನೇಳರ ಮೇಲೆ ಒಂದು ಮಾಲ್ ಎದ್ದಿತು, ಮಾಲಿನ ಪಕ್ಕ ಆಸ್ಪತ್ರೆ, ಆಸ್ಪತ್ರೆಯ ಹಿಂದೆ ಕಾಲೇಜು, ಕಾಲೇಜಿನ ಆಚೆ ಗೇಟು ಹಾಕಿದ ಬಡಾವಣೆ. ಈಗ ನಮ್ಮೂರಿನ ಮನುಷ್ಯ ಪುಗೋರಿಯಾ ಆಸ್ಪತ್ರೆಯಲ್ಲಿ ಹುಟ್ಟಿ, ಪುಗೋರಿಯಾ ಶಾಲೆಯಲ್ಲಿ ಕಲಿತು, ಪುಗೋರಿಯಾ ಮಾಲಿನಲ್ಲಿ ಸೆಕೆ ಕಳೆದು, ಕೊನೆಗೆ ಊರ ಹೊರಗಿನ ಪುಗೋರಿಯಾ ಶಾಂತಿವನದಲ್ಲಿ ಮಲಗಬಹುದು. ಇವುಗಳಲ್ಲಿ ಐದು ತಿಂಗಳ ಮೇಲೂ ಎಬ್ಬಿಸದೆ ಇರಗೊಡುವುದು ಕೊನೆಯ ಜಾಗದಲ್ಲಿ ಮಾತ್ರ.

ದೇವರನ್ನೂ ತಾವು ಕೈಬಿಟ್ಟಿಲ್ಲ. ಭಾನುವಾರದ ಪೂಜೆ ಈಗ ಮಾಲಿನ ನಡುಅಂಗಳದಲ್ಲೇ ನಡೆಯುತ್ತದೆ, ಇಗರ್ಜಿಯಲ್ಲಿ ಎಸಿ ಇಲ್ಲವಷ್ಟೆ. ಪಾದ್ರಿಗಳ ಬೆನ್ನಿಗೆ ಚಪ್ಪಲಿ ಅಂಗಡಿ, ಎಡಕ್ಕೆ ಮೊಬೈಲ್ ಅಂಗಡಿ, ಬಲಕ್ಕೆ ತಾವು. ಪಾದ್ರಿಗಳು ಕೊನೆಯ ಆಶೀರ್ವಾದ ಹೇಳಿ ಮುಗಿಸುವಷ್ಟರಲ್ಲಿ ಮೇಲಿನ ಮೈಕಿನಲ್ಲಿ ಹೆಂಗಸಿನ ದನಿಯೊಂದು ಎರಡನೆಯ ಮಹಡಿಯಲ್ಲಿ ಹಾಸಿಗೆ ಹೊದಿಕೆಗಳಿಗೆ ಅರ್ಧ ಬೆಲೆ ಎಂದು ಸಾರುತ್ತದೆ, ಜನ ಅದಕ್ಕೂ ಸೇರಿಸಿ ಆಮೆನ್ ಎನ್ನುತ್ತಾರೆ. ಪಾದ್ರಿಗಳು ಪವಿತ್ರ ಜಲ ಚಿಮುಕಿಸುವಾಗ ತಮ್ಮ ಮೇಲೂ ಧಾರಾಳವಾಗಿ ಬೀಳುತ್ತಿತ್ತು. ಹೊರಗಿನ ಆ ನಾಲ್ಕು ಹನಿ ಒಳಗಿನ ನನ್ನವರೆಗೆ ಇಳಿಯಲೆಂದು ಎಷ್ಟೋ ಭಾನುವಾರ ಕಾದದ್ದುಂಟು, ಭಕ್ತಿಯಿಂದಲ್ಲ, ಸೆಕೆಯಿಂದ.

ವೃತ್ತಿಗಳ ವಿಷಯದಲ್ಲಂತೂ ತಾವು ಮಾಡಿರುವ ಉಪಕಾರ ಹೇಳತೀರದು. ನಾನು ಚಿಕ್ಕವಳಿದ್ದಾಗ ನಮ್ಮೂರ ಗಂಡುಮಕ್ಕಳು ಹಡಗು ಹತ್ತುತ್ತಿದ್ದರು, ಹೆಣ್ಣುಮಕ್ಕಳು ನರ್ಸೋ ಟೀಚರೋ ಆಗುತ್ತಿದ್ದರು, ಏನೂ ಆಗದವರು ಸಂತೆಯಲ್ಲಿ ಒಣಮೀನು ಮಾರುತ್ತಿದ್ದರು. ಮಾರಿದ ಮೀನು ಅವರದೇ, ಕೂತ ಮಣೆ ಅವರದೇ. ಈಗ ಅವರೆಲ್ಲರ ಮಕ್ಕಳೂ ಪುಗೋರಿಯಾ ಕಾಲೇಜಿನಲ್ಲಿ ಗ್ರಾಹಕರ ಸಂತೋಷ ಎಂಬ ವಿಷಯದಲ್ಲಿ ನಾಲ್ಕು ವರ್ಷದ ಪದವಿ ಮಾಡಿ, ಐದು ತಿಂಗಳ ಕೆಲಸಕ್ಕೆ ಸಾಲು ನಿಲ್ಲುತ್ತಾರೆ. ಕಲಿಯಲು ನಾಲ್ಕು ವರ್ಷ ಬೇಕಾಗುವ ನಗುವನ್ನು ಐದೇ ತಿಂಗಳಲ್ಲಿ ಖರ್ಚು ಮಾಡಿಸುವ ಈ ಜಾಣತನ ನಮ್ಮ ಹಿರಿಯರಿಗೆ ಹೊಳೆದೇ ಇರಲಿಲ್ಲ.

ಕಳೆದ ವರ್ಷ ನನ್ನ ಒಂಬತ್ತು ವರ್ಷದ ಮಗಳು ಜೊನಾಲಿನಳ ಶಾಲೆಯಲ್ಲಿ, ದೊಡ್ಡವರಾದ ಮೇಲೆ ಏನಾಗುತ್ತೀರೋ ಆ ವೇಷ ಹಾಕಿಕೊಂಡು ಬನ್ನಿರೆಂದಿದ್ದರು. ಒಬ್ಬಳು ಡಾಕ್ಟರಾಗಿ ಬಂದಳು, ಇಬ್ಬರು ಪೊಲೀಸರಾದರು, ಆರು ಮಂದಿ ತಮ್ಮ ಅಂಗಡಿಯ ಕ್ಯಾಶಿಯರ್ ಟೋಪಿ ಹಾಕಿಕೊಂಡು ಬಂದಿದ್ದರು. ನನ್ನ ಮಗಳು ಕಂದು ಬಣ್ಣದ ಗೋಣಿಗೆ ಕೋಳಿಪುಕ್ಕ ಅಂಟಿಸಿಕೊಂಡು ಹೋದಳು. ಟೀಚರು ನಕ್ಕು, “ಏನೇ ಇದು, ದೊಡ್ಡವಳಾಗಿ ಅಮ್ಮನ ಹಾಗೆ ಪೂಗೋ ಒಳಗೆ ಕೂತ್ಕೋತೀಯಾ?” ಎಂದು ಕೇಳಿದರೆ ಇವಳು, “ಒಳಗಲ್ಲ ಮಿಸ್. ಒಳಗಿರೋರಿಗೆ ಕೆಲಸ ಹೋಗುತ್ತೆ, ಪೂಗೋಗೆ ಹೋಗಲ್ಲ. ನಾನು ಪೂಗೋನೇ ಆಗ್ತೀನಿ” ಎಂದಳಂತೆ. ಟೀಚರು ನನಗೆ ಇದನ್ನು ಹೇಳಿ ಹೊಟ್ಟೆ ಹಿಡಿದುಕೊಂಡು ನಕ್ಕರು. ನಾನೂ ನಕ್ಕೆ. ಮನೆಗೆ ಬಂದು ಗೋಣಿಯಿಂದ ಪುಕ್ಕ ಕೀಳುವಾಗ ಮಾತ್ರ ನಗು ಬರಲಿಲ್ಲ.

ತಮಗೆ ಸಿಂಕೋ-ಸಿಂಕೋ, ಅಂದರೆ ಐದು-ಐದು, ಎಂದರೇನೆಂದು ಗೊತ್ತಿರಲಾರದು. ಕಾಯಂ ಇರುವವರಿಗೆ ಅದರ ಗೊಡವೆ ಏಕೆ? ನಮ್ಮ ದೇಶದ ಕಾನೂನು, ಒಬ್ಬರನ್ನು ಆರು ತಿಂಗಳು ದಾಟಿ ದುಡಿಸಿಕೊಂಡರೆ ಅವರು ಕಾಯಂ ಎನ್ನುತ್ತದೆ. ಕಂಪನಿಗಳು ಕಾನೂನಿಗೆ ಹೆದರುವ ಸಂಭಾವಿತರಾದ್ದರಿಂದ ಐದನೆಯ ತಿಂಗಳ ಕೊನೆಗೇ ನಮ್ಮನ್ನು ಬಿಟ್ಟುಬಿಡುತ್ತವೆ. ಬಿಡುವಾಗ ಬರಿಗೈಲಿ ಬಿಡುವುದಿಲ್ಲ. ಒಂದು ತಟ್ಟೆ ಪನ್ಸಿತ್ ಶಾವಿಗೆ ಬರುತ್ತದೆ, ಬಣ್ಣದ ಅಂಚಿನ ಪ್ರಶಸ್ತಿಪತ್ರ ಬರುತ್ತದೆ, ನೀವು ನಮ್ಮ ಕುಟುಂಬದ ಸದಸ್ಯರಿದ್ದಂತೆ ಎಂಬ ಭಾಷಣ ಬರುತ್ತದೆ. ತಿಂಗಳು ಕಳೆದ ಮೇಲೆ ಅದೇ ಕುಟುಂಬದ ಬಾಗಿಲಿಗೆ ಹೊಸಬರಂತೆ ಹೋಗಿ, ಹೊಸ ಫೋಟೋ, ಹೊಸ ಎಕ್ಸ್‌ರೇ, ಪೊಲೀಸರಿಂದ ಹೊಸ ಸಚ್ಚಾರಿತ್ರ್ಯ ಪತ್ರ ಕೊಟ್ಟು, ಇನ್ನು ಐದು ವರ್ಷದಲ್ಲಿ ನೀವು ಎಲ್ಲಿರಲು ಬಯಸುತ್ತೀರಿ ಎಂಬ ಪ್ರಶ್ನೆಗೆ ಉತ್ತರಿಸಬೇಕು. ನಾನು ಪ್ರತಿ ಸಲವೂ ಲಾವಕ್ಕಿಯ ಒಳಗೆ ಎಂದೇ ಬರೆದಿದ್ದೇನೆ. ಹೀಗೆ ಇಪ್ಪತ್ತೊಂದು ಸಲ ನನ್ನನ್ನು ಸೇರಿಸಿಕೊಂಡಿದ್ದಾರೆ, ಇಪ್ಪತ್ತು ಸಲ ಬೀಳ್ಕೊಟ್ಟಿದ್ದಾರೆ. ಹುಟ್ಟುಹಬ್ಬಕ್ಕೆ ಪನ್ಸಿತ್ ತಿಂದರೆ ಅದರ ಎಳೆಯಷ್ಟು ಉದ್ದ ಆಯಸ್ಸು ಎಂದು ನಮ್ಮಲ್ಲಿ ನಂಬಿಕೆ. ಕೆಲಸ ಹೋದ ದಿನ ಅದನ್ನೇ ಬಡಿಸುವ ತಮ್ಮ ಎಚ್.ಆರ್. ವಿಭಾಗದ ರಸಿಕತೆಗೆ ಏನೆನ್ನಲಿ?

ಒಂದು ಸಲ ನನ್ನ ಎಡಮಂಡಿ ಊದಿಕೊಂಡಿತು. ದಿನಕ್ಕೆ ಎಂಟು ಹುಟ್ಟುಹಬ್ಬ, ಹುಟ್ಟುಹಬ್ಬಕ್ಕೆ ಮೂರು ಕುಣಿತ, ಅದು ಊದದೆ ಇನ್ನೇನಾಗಬೇಕು? ಮಂಡಿ ನೋಯುತ್ತದೆಂದು ಚೀಟಿ ಬರೆದು ಕೊಟ್ಟೆ. ಚೀಟಿಯ ಮೇಲೆ ಲಾವಕ್ಕಿ, ಜಾರೋ ಶಾಖೆ ಎಂದು ಇದ್ದುದರಿಂದ ಮೂರನೆಯ ದಿನ ಮನಿಲಾದಿಂದ ಒಬ್ಬ ದರ್ಜಿ ಬಂದು, ತಮ್ಮ ಎಡಮಂಡಿಯನ್ನು ಬಿಚ್ಚಿ, ಹೊಸ ಸ್ಪಂಜು ತುಂಬಿ, ಎರಡು ಸಾಲು ಹೊಲಿಗೆ ಹಾಕಿ ಹೋದ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕುವುದನ್ನು ಕೇಳಿದ್ದೆ, ಎಮ್ಮೆಗೆ ಹೊಸ ಕಾಲು ಕೊಡಿಸಿದ್ದನ್ನು ಅಂದೇ ನೋಡಿದ್ದು. ತಮ್ಮ ಮಂಡಿ ಈಗಲೂ ಚೆನ್ನಾಗಿದೆ ಎಂದು ಕೇಳಿ ಸಂತೋಷವಾಯಿತು.

ಇಪ್ಪತ್ತೊಂದನೆಯ ಒಪ್ಪಂದ ಶುರುವಾದದ್ದು ಜುಲೈ ಒಂದಕ್ಕೆ, ಮುಗಿಯಬೇಕಾದದ್ದು ನವೆಂಬರ್ ಮೂವತ್ತಕ್ಕೆ. ಮೂವತ್ತರ ಸಂಜೆ ಹಾಜರಿ ಯಂತ್ರ ಎಂದಿನಂತೆ ನನ್ನ ಬೆರಳನ್ನು ಮರೆತುಬಿಟ್ಟಿತು. ನನ್ನ ಬದಲಿಗೆ ಬಂದ ಹುಡುಗಿ ಮರುದಿನ ತಮ್ಮೊಳಗೆ ಹತ್ತು ನಿಮಿಷ ಇದ್ದು, ಹೊರಗೆ ಬಂದು, ಒಂದು ಲೋಟ ನೀರು ಕುಡಿದು, ಮನೆಗೆ ಹೋದವಳು ಮತ್ತೆ ಬರಲಿಲ್ಲ, ಬುದ್ಧಿವಂತೆ. ಅಂಗಡಿಯ ಸೂಪರ್‌ವೈಸರ್ ರೊನಿಲೋ ಸರ್ ನಮ್ಮ ಮನೆಗೇ ಓಡಿಬಂದರು. “ಮನಾಂಗ್, ಅಕ್ಕಾ, ಮೂರೇ ಮೂರು ದಿನ ಸುಧಾರಿಸ್ಕೊಳ್ಳಿ. ಕ್ರಿಸ್‌ಮಸ್ ಸೀಸನ್ನು, ಪೂಗೋ ಇಲ್ಲ ಅಂದ್ರೆ ಮಕ್ಕಳು ಅಂಗಡಿ ಕಿತ್ತು ಹಾಕ್ತವೆ. ಎಚ್.ಆರ್.ನವರು ಇವತ್ತೋ ನಾಳೆಯೋ ಬೇರೆಯವರನ್ನ ಕಳಿಸ್ತಾರೆ” ಎಂದರು. ನಾನು ಹೋದೆ. ಬೆರಳು ಒತ್ತಲು ಯಂತ್ರ ಬಿಡಲಿಲ್ಲವಾಗಿ, ವೇಷವನ್ನು ಕಪಾಟಿನಿಂದ ತೆಗೆಯುವಾಗ, ಇಡುವಾಗ ಬರೆಯುವ ಪುಸ್ತಕದಲ್ಲಿ ಲಾವಕ್ಕಿ ಹೊರಗೆ ಒಂಬತ್ತು ನಲವತ್ತು, ಲಾವಕ್ಕಿ ಒಳಗೆ ಆರು ಹತ್ತು ಎಂದಷ್ಟೇ ಬರೆಯಲಾಯಿತು. ನನ್ನ ದಿನಗೂಲಿಯನ್ನು ರೊನಿಲೋ ಸರ್ ಸೋಪು, ಬ್ರಷ್ಷುಗಳ ಜೊತೆಗೆ ಲಾವಕ್ಕಿಯ ನಿರ್ವಹಣೆ ಎಂಬ ಬಾಬತ್ತಿನಲ್ಲಿ ಕೊಟ್ಟರು.

ಎಚ್.ಆರ್.ನವರು ಯಾರನ್ನೂ ಕಳಿಸಲಿಲ್ಲ, ಏಕೆಂದರೆ ಎಚ್.ಆರ್.ನವರು ಕುಣಿಯುತ್ತಿದ್ದರು. ನಮ್ಮಲ್ಲಿ ಡಿಸೆಂಬರಿನಲ್ಲಿ ಯಾವ ಕಂಪನಿಯೂ ಕೆಲಸ ಮಾಡುವುದಿಲ್ಲ, ಕ್ರಿಸ್‌ಮಸ್ ಪಾರ್ಟಿಯ ನೃತ್ಯ ಸ್ಪರ್ಧೆಗೆ ತಾಲೀಮು ಮಾಡುತ್ತದೆ. ಹಿಂದಿನ ವರ್ಷ ಲೆಕ್ಕಪತ್ರ ವಿಭಾಗದವರ ಕೈಲಿ ಸೋತಿದ್ದ ಎಚ್.ಆರ್. ವಿಭಾಗ ಈ ಸಲ ಹಠ ಹಿಡಿದು, ಮುಖ್ಯಸ್ಥೆ ಮ್ಯಾಮ್ ಷಾರ್ಮೇನ್ ಸಹಿತ ಹದಿನಾಲ್ಕು ಮಂದಿಯೂ ಮಧ್ಯಾಹ್ನ ಒಂದರಿಂದಲೇ ಬಾಗಿಲು ಹಾಕಿಕೊಂಡು ಹೆಜ್ಜೆ ಹಾಕುತ್ತಿದ್ದರು. ಇಪ್ಪತ್ತು ಸಲ ಒಂದು ದಿನವೂ ಹೆಚ್ಚುಕಮ್ಮಿಯಾಗದಂತೆ ನನ್ನನ್ನು ಬೀಳ್ಕೊಟ್ಟವರಿಗೆ ಈ ಸಲ ನಾನು ಉಳಿದುಹೋದದ್ದೇ ತಿಳಿಯಲಿಲ್ಲ. ಮೂರು ದಿನ ಎಂದದ್ದು ಹತ್ತಾಯಿತು, ಹತ್ತು ಇಪ್ಪತ್ತಾಯಿತು.

ಇಪ್ಪತ್ತನೆಯ ದಿನವೇ ಪಾರ್ಟಿ. ಅದರ ವೈಭವ ತಮಗೆ ನೆನಪಿರಬೇಕು, ಅಂದಿನ ಮದುಮಗ ತಾವೇ ತಾನೆ. ದೋನ್ ಎವಾರಿಸ್ಟೋ ತಮ್ಮನ್ನು ವೇದಿಕೆಗೆ ಕರೆಸಿ, ಹೆಗಲ ಮೇಲೆ ಕೈ ಹಾಕಿ, ಎಂಟುನೂರು ಮಂದಿಯ ಎದುರು ಹೇಳಿದರು: “ಇವನನ್ನ ನೋಡಿ ಕಲೀರಪ್ಪ! ಇಪ್ಪತ್ತೈದು ವರ್ಷ ಆಯ್ತು. ಒಂದು ದಿನ ರಜೆ ಕೇಳಿಲ್ಲ, ಸಂಬಳ ಸಾಲದು ಅಂದಿಲ್ಲ, ಒಂದು ಸಲ ಎದುರು ಮಾತಾಡಿಲ್ಲ. ಇಂಥವನಿಗೆ ಅಲ್ಲದೆ ಇನ್ಯಾರಿಗೆ ಕೊಡ್ಲಿ?” ಚಪ್ಪಾಳೆಯೋ ಚಪ್ಪಾಳೆ. ಆಮೇಲೆ ಕಂಪನಿಯ ಮೊದಲ ಚಿನ್ನದ ಬಣ್ಣದ ಗುರುತಿನ ಚೀಟಿಯನ್ನು ತಮ್ಮ ಕೊರಳಿಗೆ ಹಾಕಿದರು. ಕೊಕ್ಕಿನ ಸೀಳಿನಿಂದ ಬಗ್ಗಿ ನೋಡಿದೆ. ತಮ್ಮ ಫೋಟೋ, ತಮ್ಮ ಹೆಸರು, ಕೆಳಗೆ ಕಾಯಂ ಎಂಬ ಪದ. ನಮ್ಮ ಚೀಟಿಗಳಲ್ಲಿ ಅವಧಿ ಮುಗಿಯುವ ತಾರೀಕು ಇರುವ ಕಡೆ ತಮ್ಮದರಲ್ಲಿ ಏನೂ ಇರಲಿಲ್ಲ, ಬರಿಯ ಬಿಳಿ ಜಾಗ.

ಆ ಚೀಟಿ ನನ್ನ ಎದೆಯಿಂದ ನಾಲ್ಕು ಬೆರಳು ದೂರದಲ್ಲಿ, ಸ್ಪಂಜಿನ ಆಚೆ ತೂಗುತ್ತಿತ್ತು. ನಾನು ಅಳತೊಡಗಿದೆ, ಮನೋಂಗ್. ಒಳಗೆ ಅತ್ತರೆ ಒರೆಸಿಕೊಳ್ಳಲು ಕೈ ಮುಖದವರೆಗೆ ಬರುವುದಿಲ್ಲ, ಕೈಗಳೆರಡೂ ರೆಕ್ಕೆಯಲ್ಲಿರುತ್ತವೆ. ನನ್ನ ಭುಜ ಕುಲುಕಿದ್ದನ್ನು ಕಂಡು ಜನ ತಾವು ಸಂತೋಷದಿಂದ ಕುಣಿಯುತ್ತಿದ್ದೀರೆಂದು ತಿಳಿದು ಇನ್ನಷ್ಟು ಚಪ್ಪಾಳೆ ಹೊಡೆದರು. ಆ ವರ್ಷದ ನೃತ್ಯ ಸ್ಪರ್ಧೆಯನ್ನು ಎಚ್.ಆರ್.ನವರೇ ಗೆದ್ದರೆಂಬುದನ್ನೂ ಇಲ್ಲಿ ದಾಖಲಿಸಬೇಕು. ಶ್ರಮ ಪಟ್ಟವರಿಗೆ ಫಲ ಸಿಗಲೇಬೇಕಲ್ಲ.

ಡಿಸೆಂಬರ್ ಮೂವತ್ತೊಂದು ಬಂದು ಹೋಯಿತು, ಆರು ತಿಂಗಳು ತುಂಬಿತು. ಜನವರಿ ಒಂಬತ್ತರ ಮಧ್ಯಾಹ್ನ ಮ್ಯಾಮ್ ಷಾರ್ಮೇನ್ ಒಂದು ತಟ್ಟೆ ಪನ್ಸಿತ್ ಹಿಡಿದುಕೊಂಡು, ಮುಖ ಬಿಳುಚಿಕೊಂಡು ಬಂದರು. ಪ್ರಶಸ್ತಿಪತ್ರದ ಮೇಲೆ ನವೆಂಬರ್ ಮೂವತ್ತು ಎಂದಿತ್ತು. “ಇಲ್ಲೊಂದು ಸಹಿ ಹಾಕ್ಬಿಡಿ ಮನಾಂಗ್, ಪನ್ಸಿತ್ ಆರೋಗುತ್ತೆ” ಎಂದರು. “ತಾರೀಕು ತಪ್ಪಿದೆಯಲ್ಲ ಮ್ಯಾಮ್” ಎಂದೆ. “ಅಯ್ಯೋ, ತಾರೀಕು ಬರೀ ಶಾಸ್ತ್ರಕ್ಕೆ. ನಿಮಗೂ ನಮಗೂ ಇದೇನು ಹೊಸದಾ?” ಎಂದರು. ನಾನು ಪನ್ಸಿತ್ ತಿಂದೆ, ಅನ್ನದ ಮೇಲೆ ಮುನಿಯಬಾರದು. ಸಹಿ ಹಾಕಲಿಲ್ಲ. ಮರುದಿನ ಕಾರ್ಮಿಕ ಕಚೇರಿಗೆ ಹೋಗಿ ಅರ್ಜಿ ಕೊಟ್ಟೆ. ಅದೇ ವಾರ ರೊನಿಲೋ ಸರ್‌ಗೆ ಬಡ್ತಿ ಸಿಕ್ಕಿ, ಕಡಲಾಚೆಯ ಬಕೋಲೋಡಿಗೆ ಹೋದರು. ಅವರ ಫೋನು ಆಮೇಲೆ ಎತ್ತುವವರಿಲ್ಲ.

ಫೆಬ್ರವರಿಯ ಮೊದಲ ವಿಚಾರಣೆಯಲ್ಲಿ ನಾನು ನನ್ನ ಮರ್ಯಾದೆಯನ್ನು ನಾನೇ ಕಳೆದುಕೊಂಡೆ, ಅದಕ್ಕೆ ತಮ್ಮ ತರಬೇತಿಯೇ ಕಾರಣ. ಲಾವಕ್ಕಿ ಮಾತಾಡಕೂಡದು ಎಂಬುದು ಕಂಪನಿಯ ಮೊದಲ ನಿಯಮ; ಹನ್ನೊಂದು ವರ್ಷ ದಿನಕ್ಕೆ ಎಂಟು ಗಂಟೆ ಬಾಯಿ ಮುಚ್ಚಿಕೊಂಡಿದ್ದವಳಿಗೆ ಅಧಿಕಾರಿ, “ನೀವು ಡಿಸೆಂಬರಿನಲ್ಲಿ ಕೆಲಸ ಮಾಡಿದ್ರಾ?” ಎಂದು ಕೇಳಿದ ಕೂಡಲೇ ಮಾತಿನ ಬದಲು, ಲಾವಕ್ಕಿ ಹೌದೆನ್ನುವ ರೀತಿಯಲ್ಲಿ, ಸೊಂಟದಿಂದ ಮೇಲೆ ಇಡೀ ಮೈಯನ್ನು ಮೂರು ಸಲ ಬಗ್ಗಿಸಿ, ಎರಡೂ ಕೈ ಬಡಿದುಬಿಟ್ಟೆ. ಅಧಿಕಾರಿ ಒಳ್ಳೆಯವರು, ನಗಲಿಲ್ಲ. “ಬಾಯಲ್ಲಿ ಹೇಳಿ ಮನಾಂಗ್, ಬರ್ಕೋಬೇಕು” ಎಂದರು. ಕಂಪನಿಯ ವಕೀಲರು ಕರವಸ್ತ್ರದಲ್ಲಿ ಬಾಯಿ ಮುಚ್ಚಿಕೊಂಡರು.

ಆ ವಕೀಲರ ವಾದ ಬೆಣ್ಣೆಯಿಂದ ಕೂದಲು ತೆಗೆದಂತಿತ್ತು. ಡಿಸೆಂಬರಿನಲ್ಲಿ ಜಾರೋ ಶಾಖೆಯಲ್ಲಿ ಲಾವಕ್ಕಿ ಇತ್ತೇ? ಇತ್ತು, ಪುಸ್ತಕದಲ್ಲಿದೆ. ಕುಣಿಯಿತೇ? ಕುಣಿಯಿತು, ನೂರಾರು ಫೋಟೋಗಳಿವೆ. ಲಾವಕ್ಕಿ ಯಾರದು? ಕಂಪನಿಯದು. “ಒಳಗೆ ಯಾರೋ ಇದ್ದಿರಬಹುದು ಸ್ವಾಮಿ, ನಾವು ಇಲ್ಲ ಅನ್ನಲ್ಲ. ಆದ್ರೆ ಇವರೇ ಇದ್ರು ಅನ್ನೋದಕ್ಕೆ ಏನಿದೆ? ಒಂದು ಫೋಟೋದಲ್ಲಾದ್ರೂ ಇವರ ಮೂಗು ಕಾಣ್ಸುತ್ತಾ?” ಎಂದು ಅವರು ಫೋಟೋಗಳನ್ನು ಮೇಜಿನ ಮೇಲೆ ಹರಡಿದರು. ಎಲ್ಲದರಲ್ಲೂ ತಾವೇ, ಅದೇ ನಗು. ಅಧಿಕಾರಿ ನನ್ನ ಕಡೆ ತಿರುಗಿ, ನಿಮ್ಮನ್ನು ಒಳಗೆ ಹೋಗುವಾಗ ಬರುವಾಗ ನೋಡಿದವರು ಯಾರಾದರೂ ಇದ್ದಾರೆಯೇ ಎಂದು ಕೇಳಿದರು. ನಾನು ಸುಮ್ಮನಾದೆ.

ಏಕೆಂದರೆ ಒಬ್ಬಳು ಇದ್ದಾಳೆ. ತಮ್ಮ ವೇಷದ ಜಿಪ್ ಇರುವುದು ಬೆನ್ನ ಮೇಲೆ, ಒಳಗಿರುವವರು ಅದನ್ನು ತಾವೇ ಎಳೆದುಕೊಳ್ಳಲಾಗದು, ದಿನವೂ ಒಬ್ಬರು ಹಿಂದೆ ನಿಂತು ಎಳೆಯಲೇಬೇಕು. ಡಿಸೆಂಬರಿನ ಪ್ರತಿ ಬೆಳಿಗ್ಗೆಯೂ ಜಿಪ್ ಎಳೆದು, ಕತ್ತಿನ ಹಿಂದೆ ಒಂದು ಒದ್ದೆ ಟವೆಲ್ ತುರುಕಿ, “ಉಸಿರಾಡು ಮನಾಂಗ್” ಎಂದು ಬೆನ್ನು ತಟ್ಟಿ ಕಳಿಸುತ್ತಿದ್ದವಳು ಮೇಜು ಒರೆಸುವ ಒಬ್ಬ ಹೆಂಗಸು. ಅವಳದೂ ಸಿಂಕೋ-ಸಿಂಕೋ. ವಿಚಾರಣೆಯ ದಿನ ಸಂಜೆ ಜೀಪ್ನಿಯಲ್ಲಿ ನನ್ನ ಪಕ್ಕ ಕೂತು, ಕಿಟಕಿಯಾಚೆ ನೋಡುತ್ತಾ, “ಮನಾಂಗ್, ನಿಮ್ಮಾಣೆಗೂ ಹೇಳ್ಬೇಕು ಅಂತ ಗಂಟಲವರೆಗೂ ಬರುತ್ತೆ. ಆದ್ರೆ ನಂದಿನ್ನೂ ಎಪ್ಪತ್ತು ದಿನ ಇದೆ. ಈಗ ಬಾಯಿ ಬಿಟ್ರೆ ಮತ್ತೆ ತಗೋತಾರಾ? ಮನೇಲಿ ಮೂರು ಜನ ಇದಾರೆ ನಂಗೆ” ಎಂದಳು. ಬೇಡ ಬಿಡು ಇಂದಾಯ್ ಎಂದೆ. ನನಗೆ ಅವಳ ಮೇಲೆ ಸಿಟ್ಟಿಲ್ಲ. ನನ್ನ ನಾಲ್ಕನೆಯ ಒಪ್ಪಂದದಲ್ಲಿ, ಬಿಸಿ ಎಣ್ಣೆಯಿಂದ ಕೈ ಸುಟ್ಟುಕೊಂಡ ಅಡುಗೆಯವನೊಬ್ಬ, ನೀನು ನೋಡಿದೆಯಲ್ಲ, ಹೇಳು ಎಂದು ಕೇಳಿದಾಗ ನಾನೂ ನೆಲ ನೋಡಿದವಳೇ. ಹೀಗಾಗಿ ಅವಳ ಹೆಸರನ್ನು ಈ ಬಹಿರಂಗ ಪತ್ರದಲ್ಲಿ ಬರೆಯುವುದಿಲ್ಲ, ದಯವಿಟ್ಟು ತಾವೂ ಕೇಳಬಾರದು.

ಮನುಷ್ಯರನ್ನು ಕರೆಯಲಾಗದೆ ಹೋದದ್ದರಿಂದಲೇ ತಮ್ಮ ಮೊರೆ ಹೊಕ್ಕಿದ್ದೇನೆ. ತಾವು ಯಾರಿಗೂ ಹೆದರಬೇಕಾದ್ದಿಲ್ಲ, ತಾವು ಕಾಯಂ. ಎಪ್ಪತ್ತು ದಿನ ಎಣಿಸುವ ತಾಪತ್ರಯ ತಮಗಿಲ್ಲ, ಮನೆಯಲ್ಲಿ ಉಣ್ಣುವ ಬಾಯಿಗಳಿಲ್ಲ, ಕೆಲಸದಿಂದ ತೆಗೆದರೆ ಅಂಗಡಿಗೇ ನಷ್ಟ. ತಾವು ಬಂದು ಅಧಿಕಾರಿಯ ಎದುರಿನ ಕುರ್ಚಿಯಲ್ಲಿ ಕೂತು, ಬಾಲ ಅಡ್ಡ ಬಂದರೆ ನಿಂತೇ ಇದ್ದು, ಹೌದು ಸ್ವಾಮಿ, ಜುಲೈ ಒಂದರಿಂದ ಜನವರಿ ಒಂಬತ್ತರವರೆಗೆ ನನ್ನೊಳಗೆ ಇದ್ದವಳು ಇವಳೇ, ಇವಳ ಬೆವರಿನ ವಾಸನೆ ನನಗೆ ಗೊತ್ತು, ಎಡಗಾಲು ಎಳೆಯುವುದೂ ಗೊತ್ತು, ದೋನ್ ಎವಾರಿಸ್ಟೋ ಹೊಗಳುವಾಗ ಅತ್ತವಳೂ ಇವಳೇ ಎಂದರೆ ಸಾಕು. ಮಾತಾಡಬಾರದೆಂಬ ನಿಯಮ ಅಡ್ಡ ಬಂದರೆ ಒಂದು ಸಲ ತಲೆದೂಗಿದರೂ ಆದೀತು, ಅಧಿಕಾರಿಗೆ ಆ ಭಾಷೆ ಈಗ ಅಷ್ಟಿಷ್ಟು ಅರ್ಥವಾಗುತ್ತದೆ.

ಬರುವಾಗ ಒಂದೇ ಒಂದು ಷರತ್ತು. ವಕೀಲರು ಹೇಳುವಂತೆ ಡಿಸೆಂಬರಿನಲ್ಲಿ ದುಡಿದದ್ದು ಲಾವಕ್ಕಿಯೇ ಹೊರತು ಒಳಗಿನವರಲ್ಲವಾದ್ದರಿಂದ, ಮಾರ್ಚ್ ಹದಿನಾಲ್ಕರಂದು ತಾವೊಬ್ಬರೇ ಬರಬೇಕು. ಒಳಗೆ ಯಾರನ್ನೂ ಇಟ್ಟುಕೊಳ್ಳದೆ, ಕಪಾಟಿನ ಬಾಗಿಲನ್ನು ತಾವೇ ತೆರೆದು, ಜೀಪ್ನಿ ಹತ್ತಿ, ಕಚೇರಿಯ ಎರಡು ಮಹಡಿ ಮೆಟ್ಟಿಲನ್ನು ತಮ್ಮದೇ ಕಾಲಿನಿಂದ, ಅಂದರೆ ಆ ಹೊಸ ಮಂಡಿಯಿಂದ, ಹತ್ತಿಬರಬೇಕು. ತಾವು ಹಾಗೆ ಬಂದದ್ದೇ ಆದರೆ ನಾನು ಅಲ್ಲೇ ನನ್ನ ಅರ್ಜಿಯನ್ನು ಹಿಂದಕ್ಕೆ ಪಡೆದು, ದೋನ್ ಎವಾರಿಸ್ಟೋ ಅವರ ಕಾಲಿಗೆ ಬಿದ್ದು, ಇಪ್ಪತ್ತೊಂದನೆಯ ಪ್ರಶಸ್ತಿಪತ್ರಕ್ಕೆ ಯಾವ ತಾರೀಕಿದ್ದರೂ ಸಹಿ ಹಾಕುತ್ತೇನೆ. ಬರದಿದ್ದರೆ, ಇಪ್ಪತ್ತೈದು ವರ್ಷ ಕಂಪನಿಯನ್ನು ಹೊತ್ತು ಕುಣಿದವರು ಯಾರು ಎಂದು ಅಧಿಕಾರಿಯವರೇ ತೀರ್ಮಾನಿಸಲಿ.

ತಮ್ಮ ಅಮೂಲ್ಯ ಸಮಯವನ್ನು ಕಸಿದದ್ದಕ್ಕೆ ಕ್ಷಮೆ ಬೇಡುತ್ತಾ,

ಇದುವರೆಗೆ ತಮ್ಮ ಒಳಗಿದ್ದು, ಈಗ ಹೊರಗೆ ನಿಂತು ಬರೆಯುತ್ತಿರುವ
ತಮ್ಮ ವಿಶ್ವಾಸಿ,
ಹೆರ್ಮಿನಿಯಾ ಸುಮಗಾಯ್ಸಾಯ್
ಜಾರೋ, ಇಲೋಯಿಲೋ

ತಾಜಾಕಲಂ: ಮೇಲಿನದನ್ನು ಬರೆದು ಮುಗಿಸಿ, ನಿನ್ನೆ ಆ ಜಿಪ್ ಎಳೆಯುವ ಹೆಂಗಸಿಗೇ ಓದಿ ತೋರಿಸಿದೆ. ನಗುತ್ತಾ ಕೇಳಿದಳು, ಅವಳ ವಿಷಯ ಬಂದಾಗ ನಗು ನಿಲ್ಲಿಸಿದಳು. “ಹಕ್ಕೀನ ಯಾಕೆ ಕರೀತೀರಿ ಮನಾಂಗ್, ಅದಕ್ಕೇನು ಗೊತ್ತು? ನನ್ನ ಹೆಸರು ಹಾಕಿ. ಪೂರ್ತಿ ಹಾಕಿ, ಆಮೇಲೆ ಯಾರೋ ಅನ್ನಬಾರ್ದು” ಎಂದಳು. ಹಾಕುತ್ತಿದ್ದೇನೆ: ಲಿಯೋನಿಲಾ ದುಮಂಕಾಸ್ ಪನೆಸ್, ಮೇಜು ಒರೆಸುವವಳು, ಜಾರೋ ಶಾಖೆ. ಆದ್ದರಿಂದ ತಾವು ಬರುವ ಶ್ರಮ ತೆಗೆದುಕೊಳ್ಳಬೇಕಾಗಿಲ್ಲ. ರಾತ್ರಿಯೇ ಅವಳಿಂದ ಸುದ್ದಿ ಮುಟ್ಟಿ, ಉಳಿದ ಹದಿನಾರು ಅಂಗಡಿಗಳಲ್ಲಿ ತಮ್ಮ ಒಳಗಿರುವವರೂ, ಅವರ ಜಿಪ್ ಎಳೆಯುವವರೂ ಅಂದು ಬೆಳಿಗ್ಗೆ ಅವಳ ಜೊತೆಗೆ ಬರುತ್ತೇವೆಂದು ಹೇಳಿಕಳಿಸಿದ್ದಾರೆ. ಹದಿನಾಲ್ಕರ ಹುಟ್ಟುಹಬ್ಬಗಳನ್ನು ತಾವೇ ನಿಭಾಯಿಸಿಕೊಳ್ಳಬೇಕಾದೀತು. ಜಿಪ್ಪನ್ನು ಎಳೆದುಕೊಳ್ಳಲು ರೆಕ್ಕೆ ಮಾತ್ರ ಎಟುಕುವುದಿಲ್ಲ, ನಾನು ಹನ್ನೊಂದು ವರ್ಷ ಪ್ರಯತ್ನಿಸಿ ನೋಡಿದ್ದೇನೆ.